ಚಿಕ್ಕ ಪಾತ್ರಗಳ ದೊಡ್ಡ ನಟ



ಶಾಲೆಯ ವಾರ್ಷಿಕೋತ್ಸವದ ನಾಟಕಕ್ಕೆ ಪಾತ್ರ ಹಂಚುವಾಗ ರಾಜನ ವೇಷಕ್ಕೆ ಹತ್ತು ಕೈಗಳು ಮೇಲೇಳುತ್ತವೆ. ದ್ವಾರಪಾಲಕನ ವೇಷಕ್ಕೆ ಒಂದೂ ಇಲ್ಲ. ಆದರೆ ದ್ವಾರಪಾಲಕನು ಮಾತು ಮರೆತರೆ ರಾಜನ ಆಸ್ಥಾನವೇ ನಗೆಪಾಟಲಾಗುತ್ತದೆ. ನಾಯಕನಲ್ಲದಿದ್ದರೂ ಕಥೆಗೆ ಜೀವ ತುಂಬುವವನೇ ಪೋಷಕ ನಟ. ಇಂಗ್ಲೆಂಡಿನ ಅಂಥ ಒಬ್ಬ ನಟರು ಪೀಟ್ ಪೊಸಲ್‌ತ್ವೇಟ್.

ಇವರು 1946ರ ಫೆಬ್ರವರಿ 7ರಂದು ವಾರಿಂಗ್‌ಟನ್ ಎಂಬ ಊರಿನ ದುಡಿಯುವ ಕುಟುಂಬದಲ್ಲಿ ಜನಿಸಿದರು. ಅಧ್ಯಾಪಕ ತರಬೇತಿ ಪಡೆದು ಕೆಲಕಾಲ ನಾಟಕಕಲೆಯನ್ನು ಬೋಧಿಸಿದರು. ಬಳಿಕ ಬ್ರಿಸ್ಟಲ್ ನಗರದ ಓಲ್ಡ್ ವಿಕ್ ನಾಟಕಶಾಲೆಯಲ್ಲಿ ತಾವೇ ವಿದ್ಯಾರ್ಥಿಯಾದರು! ಲಿವರ್‌ಪೂಲಿನ ಎವರಿಮನ್ ರಂಗಮಂದಿರದಲ್ಲಿ ಪಳಗಿದರು. ಹೆಸರು ಬಲು ಉದ್ದವಾಯಿತು, ಬದಲಿಸಿಕೊಳ್ಳಿ ಎಂಬ ಸಲಹೆ ಬಂದಾಗ ಅವರು ಒಪ್ಪಲಿಲ್ಲ.

ಒಳಸೇರಿದ ಕೆನ್ನೆ, ಎದ್ದು ಕಾಣುವ ಮೂಳೆ. ನಾಯಕನಿಗೆ ಒಪ್ಪುವ ಮುಖವಲ್ಲ. ಚಲನಚಿತ್ರದಲ್ಲಿ ಹೆಸರು ಬಂದಾಗ ವಯಸ್ಸು 42. 1988ರ ‘ಡಿಸ್ಟೆಂಟ್ ವಾಯ್ಸಸ್, ಸ್ಟಿಲ್ ಲೈವ್ಸ್’ ಚಿತ್ರದಲ್ಲಿ ಮನೆಮಂದಿಯನ್ನೆಲ್ಲ ನಡುಗಿಸುವ ಕ್ರೂರ ತಂದೆಯಾಗಿ ಅವರು ಅಭಿನಯಿಸಿದರು.

ಐದು ವರ್ಷಗಳ ನಂತರ ‘ಇನ್ ದ ನೇಮ್ ಆಫ್ ದ ಫಾದರ್’ ಚಿತ್ರದಲ್ಲಿ ಮತ್ತೆ ತಂದೆಯ ಪಾತ್ರ. ಆದರೆ ಎಂಥ ವ್ಯತ್ಯಾಸ! 1974ರಲ್ಲಿ ಗಿಲ್‌ಫರ್ಡ್‌ನಲ್ಲಿ ನಡೆದ ಬಾಂಬು ಸ್ಫೋಟದ ಪ್ರಕರಣದಲ್ಲಿ ನಿರಪರಾಧಿ ಜೆರಿ ಕಾನ್ಲನ್ ಸೆರೆಮನೆ ಸೇರಿದ. ಅವನ ಸಹಾಯಕ್ಕೆಂದು ಬಂದ ತಂದೆ ಜುಸೆಪ್ಪೆಯನ್ನೂ ಬಂಧಿಸಲಾಯಿತು. ಆತ 1980ರಲ್ಲಿ ಕೈದಿಯಾಗಿಯೇ ತೀರಿಕೊಂಡ. 1989ರಲ್ಲಿ ಮಗನ ಬಿಡುಗಡೆಯಾಯಿತು. 1991ರಲ್ಲಿ ತಂದೆಯ ಮೇಲಿನ ತೀರ್ಪೂ ರದ್ದಾಯಿತು. ಈ ಮೆತ್ತಗಿನ, ಸತ್ಯನಿಷ್ಠ ತಂದೆಯನ್ನು ಪೊಸಲ್‌ತ್ವೇಟರು ಕಣ್ಣಿಗೆ ಕಟ್ಟುವಂತೆ ತೋರಿಸಿದರು. ಮಗನಾಗಿ ನಟಿಸಿದ ಡೇನಿಯಲ್ ಡೇ ಲೂಯಿಸರಿಗಿಂತ ಅವರು ಕೇವಲ 11 ವರ್ಷ ದೊಡ್ಡವರು! ಈ ಪಾತ್ರಕ್ಕಾಗಿ ಆಸ್ಕರ್ ಪ್ರಶಸ್ತಿಗೆ ಅವರ ಹೆಸರು ಸೂಚಿತವಾಯಿತು, ಪ್ರಶಸ್ತಿ ದೊರೆಯಲಿಲ್ಲ.

1994ರಲ್ಲಿ ದೂರದರ್ಶನದ ‘ಶಾರ್ಪ್’ ಧಾರಾವಾಹಿಯಲ್ಲಿ ಕುಟಿಲ ಸಾರ್ಜೆಂಟನಾದರು. 1996ರ ‘ಬ್ರಾಸ್ಡ್ ಆಫ್’ ಚಿತ್ರದಲ್ಲಿ, ಮುಚ್ಚಿಹೋಗುವ ಕಲ್ಲಿದ್ದಲು ಗಣಿಯ ಕಾರ್ಮಿಕರ ವಾದ್ಯವೃಂದಕ್ಕೆ ಮುಖ್ಯಸ್ಥರಾದರು. ಸ್ಪರ್ಧೆಯಲ್ಲಿ ಗೆದ್ದಾಗ ಅವನು, ಸಂಗೀತಕ್ಕಿಂತ ಮನುಷ್ಯರು ಮುಖ್ಯವೆಂದು ಸಾರಿ, ಬಹುಮಾನವನ್ನೇ ನಿರಾಕರಿಸುತ್ತಾನೆ. ಮರುವರ್ಷ ಡೈನೋಸಾರುಗಳ ‘ದ ಲಾಸ್ಟ್ ವರ್ಲ್ಡ್’ ಚಿತ್ರದಲ್ಲಿ ಬೇಟೆಗಾರ. ಅದರ ನಿರ್ದೇಶಕ ಸ್ಪೀಲ್‌ಬರ್ಗ್ ಇವರನ್ನು ಜಗತ್ತಿನ ಅತ್ಯುತ್ತಮ ನಟನೆಂದು ಹೊಗಳಿದರು. ಇವರೋ, ‘ನಾನು ಹಾಗೆ ತಿಳಿದುಕೊಂಡಿದ್ದೇನೆ ಎಂದಷ್ಟೇ ಅವರು ಹೇಳಿರಬೇಕು’ ಎಂಬರ್ಥದಲ್ಲಿ ನಕ್ಕು ತೇಲಿಸಿದರು.

2008ರಲ್ಲಿ, ತಾವು ಪಳಗಿದ ಅದೇ ಎವರಿಮನ್ ರಂಗಕ್ಕೆ ಮರಳಿ ಷೇಕ್ಸ್‌ಪಿಯರನ ಲಿಯರ್ ದೊರೆಯಾದರು. ಕೊನೆಗೂ ರಾಜನ ವೇಷ! 2011ರ ಜನವರಿ 2ರಂದು ನಿಧನ ಹೊಂದಿದರು.

ಮಕ್ಕಳೇ, ಮುಂದಿನ ವರ್ಷ ನಿಮ್ಮ ಪಾಲಿಗೆ ದ್ವಾರಪಾಲಕನ ವೇಷ ಬಂದರೆ ಮುಖ ಸಣ್ಣದು ಮಾಡಬೇಡಿ. ಹೆತ್ತವರೂ ‘ಇಷ್ಟೇ ಪಾತ್ರವೇ?’ ಎಂದು ಕೇಳದಿರಲಿ. ಅವನು ಯಾರು, ಅವನ ಮನೆಯಲ್ಲಿ ಯಾರಿದ್ದಾರೆ, ನಿಂತು ನಿಂತು ಅವನ ಕಾಲು ನೋಯುವುದೇ ಎಂದು ಯೋಚಿಸಿ ನೋಡಿ. ಅಭಿನಯ ಅಲ್ಲಿಂದಲೇ ಆರಂಭ.