ಹಡಗಿನ ಪಟ್ಟಿಯಲ್ಲಿ ನಮ್ಮ ಹಿರಿಯರು

ಮನೆತನದ ಹಿರಿಯರ ಹೆಸರುಗಳನ್ನು ಕೇಳಿದರೆ ನಮ್ಮ ಸೀಮೆಯ ಮಕ್ಕಳಲ್ಲಿ ಬಹುಮಂದಿ ತಾತನ ಹೆಸರನ್ನು ಹೇಳುವರು. ಮುತ್ತಾತನ ಹೆಸರಿಗೆ ಬಂದಾಗ ತಡವರಿಸುವರು. ಕೆಲವು ಮನೆಗಳಲ್ಲಿ ‘ಹಿರಿಯರೊಬ್ಬರು ಬರಗಾಲದಲ್ಲಿ ದೇಶಾಂತರ ಹೋದರಂತೆ, ಮರಳಿ ಬರಲಿಲ್ಲವಂತೆ’ ಎಂಬ ಒಂದೇ ಮಾತು ಉಳಿದಿರುವುದುಂಟು. ಆ ಮಾತಿನ ಹಿಂದೆ ಇದ್ದಿರಬಹುದಾದ ಮನುಷ್ಯನನ್ನು ದಾಖಲೆಗಳಲ್ಲಿ ಅರಸುವ ಬಗೆ ಹೇಗೆ ಎಂಬುದನ್ನು ಈ ಪಾಠದಲ್ಲಿ ವಿಚಾರಿಸೋಣ.

ಬ್ರಿಟಿಷ್ ಸಾಮ್ರಾಜ್ಯದಲ್ಲಿ ಗುಲಾಮಗಿರಿಯನ್ನು ರದ್ದುಗೊಳಿಸುವ ಶಾಸನವು 1833ರಲ್ಲಿ ಆಯಿತು. ಆಗ ಕಬ್ಬಿನ ತೋಟಗಳ ಒಡೆಯರಿಗೆ ಅಗ್ಗದ ಕೂಲಿಗಳು ಬೇಕಾದರು. ಅವರ ದೃಷ್ಟಿ ಭಾರತದ ಬಡವರ ಮೇಲೆ ಬಿತ್ತು. 1834ರ ನವೆಂಬರ್ 2ರಂದು ‘ಅಟ್ಲಾಸ್’ ಎಂಬ ಹಡಗು ಕಲ್ಕತ್ತೆಯಿಂದ 36 ಮಂದಿ ಕೂಲಿಗಳನ್ನು ಮಾರಿಷಸ್ ದ್ವೀಪಕ್ಕೆ ಒಯ್ದಿತು. 1860ರ ನವೆಂಬರ್ 16ರಂದು ‘ಟ್ರೂರೋ’ ಎಂಬ ಹಡಗು ಮದ್ರಾಸಿನಿಂದ ಹೊರಟು ದಕ್ಷಿಣ ಆಫ್ರಿಕದ ಡರ್ಬನ್ ರೇವನ್ನು ಮುಟ್ಟಿತು. ಅಲ್ಲಿಂದ 1911ರವರೆಗೆ ನೇಟಾಲ್ ಪ್ರಾಂತಕ್ಕೆ ಹೋದವರ ಸಂಖ್ಯೆ 1,52,184. ಅವರಲ್ಲಿ ಹೆಚ್ಚಿನವರು ಮದ್ರಾಸಿನಲ್ಲಿ ಹಡಗು ಹತ್ತಿದವರು. ಫಿಜಿ ದ್ವೀಪಗಳಿಗೆ 1879ರಿಂದ 1916ರವರೆಗೆ ಅರುವತ್ತು ಸಾವಿರಕ್ಕೂ ಮಿಕ್ಕು ಜನ ಹೋದರು. ಮದ್ರಾಸಿನಿಂದ ಅಲ್ಲಿಗೆ ಹಡಗುಗಳು ಹೊರಡಲಾರಂಭಿಸಿದ್ದು 1903ರಲ್ಲಿ. ಐದು ವರ್ಷಗಳ ಕರಾರಿಗೆ ಹೆಬ್ಬೆಟ್ಟು ಒತ್ತಿ ಹೋದ ಇವರಿಗೆ ನೇಟಾಲಿನಲ್ಲಿ ಮೊದಲ ವರ್ಷದ ಸಂಬಳ ತಿಂಗಳಿಗೆ ಹತ್ತು ಷಿಲಿಂಗು.

ಅವರು ಏಕೆ ಹೋದರು? ಸಾಲ, ಮನೆಯ ಕಲಹ, ದಲ್ಲಾಳಿಯ ಸಿಹಿಮಾತು—ಕಾರಣಗಳು ಹಲವು. ಅವುಗಳಲ್ಲಿ ಹಿರಿದಾದುದು ಹಸಿವು. 1876ರಿಂದ 1878ರವರೆಗಿನ ಕ್ಷಾಮವನ್ನು ನಮ್ಮ ಹಿರಿಯರು ಧಾತು-ಈಶ್ವರ ಸಂವತ್ಸರಗಳ ಬರವೆಂದು ಕರೆದರು. ಬಳ್ಳಾರಿ ಜಿಲ್ಲೆ, ಮೈಸೂರು ಸಂಸ್ಥಾನ ಎರಡೂ ಅದರಿಂದ ಬಹುವಾಗಿ ನೊಂದವು.

ಇನ್ನು ದಾಖಲೆಗಳ ವಿಷಯ. ಕೂಲಿಗಳನ್ನು ಸಾಗಿಸಿದ ಸರ್ಕಾರವು ಅವರ ಲೆಕ್ಕವನ್ನು ಬಹು ಎಚ್ಚರಿಕೆಯಿಂದ ಇಟ್ಟಿತು. ಪ್ರೀತಿಯಿಂದ ಇಟ್ಟ ಲೆಕ್ಕವಲ್ಲ ಅದು. ಕರಾರು ಮುರಿದು ಓಡಿದವನನ್ನು ಗುರುತಿಸುವುದೂ ಅದರ ಉದ್ದೇಶವಾಗಿತ್ತು. ನೇಟಾಲಿನ ಪಟ್ಟಿಯಲ್ಲಿ ಪ್ರತಿಯೊಬ್ಬನಿಗೂ ಒಂದು ಕ್ರಮಸಂಖ್ಯೆ ಇರುತ್ತದೆ. ಅದರ ಮುಂದೆ ಹೆಸರು, ತಂದೆಯ ಹೆಸರು, ವಯಸ್ಸು, ಜಾತಿ, ಜಿಲ್ಲೆ, ತಾಲ್ಲೂಕು, ಗ್ರಾಮ, ಎತ್ತರ, ಮೈಮೇಲಿನ ಗುರುತು ಎಂಬ ಅಂಕಣಗಳು ಬರುತ್ತವೆ. ಓಡಿದವನನ್ನು ಹಿಡಿಯಲು ಬರೆದಿಟ್ಟ ಗಾಯದ ಕಲೆಯೇ ಇಂದು ಮೊಮ್ಮಕ್ಕಳಿಗೆ ಆತನ ದರ್ಶನ ಮಾಡಿಸುತ್ತಿದೆ.

ಇದೇ ಕಾಲದ ಐರ್ಲೆಂಡ್ ದೇಶದ ಕಥೆಯನ್ನು ಹೋಲಿಸಿ ನೋಡುವುದು ಉಪಯುಕ್ತ. 1845ರಲ್ಲಿ ಅಲ್ಲಿ ಆಲೂಗೆಡ್ಡೆಯ ಬೆಳೆಗೆ ರೋಗ ತಗಲಿ ಮಹಾಕ್ಷಾಮ ಉಂಟಾಯಿತು. ಸುಮಾರು ಹತ್ತು ಲಕ್ಷ ಜನ ಸತ್ತರು. ಅಷ್ಟೇ ಜನ, ಅಥವಾ ಅದಕ್ಕೂ ಹೆಚ್ಚು, ಹಡಗು ಹತ್ತಿದರು. ಅಮೆರಿಕದ ರೇವುಗಳಲ್ಲಿ 1820ರಿಂದ ಪ್ರಯಾಣಿಕರ ಪಟ್ಟಿಗಳನ್ನು ಒಪ್ಪಿಸುವ ನಿಯಮವಿದ್ದುದರಿಂದ ಅವರ ಹೆಸರುಗಳು ಉಳಿದವು. ಆದರೆ ಆ ಹಳೆಯ ಪಟ್ಟಿಗಳಲ್ಲಿ ಊರಿನ ಅಂಕಣಕ್ಕೆ ಬದಲು ‘ಐರ್ಲೆಂಡ್’ ಎಂದಷ್ಟೇ ಬರೆದಿರುವುದು ಸಾಮಾನ್ಯ. ಸಾಲದುದಕ್ಕೆ 1922ರಲ್ಲಿ ಡಬ್ಲಿನ್ ನಗರದ ದಾಖಲೆಗಳ ಮಂದಿರ ಸುಟ್ಟು, 1821ರಿಂದ 1851ರವರೆಗಿನ ಜನಗಣತಿಯ ಪುಸ್ತಕಗಳಲ್ಲಿ ಬಹುಭಾಗ ಬೂದಿಯಾಯಿತು. ಐರಿಷ್ ವಂಶಜನಿಗೆ ಹಡಗು ದೊರೆತರೂ ಊರು ದೊರೆಯುವುದು ಕಷ್ಟ. ನಮ್ಮ ಕೂಲಿಯ ವಂಶಜನಿಗೆ ಪಟ್ಟಿಯೊಳಗೇ ಊರಿನ ಹೆಸರಿದೆ. ಅದನ್ನು ಓದಲು ತಿಳಿದಿರಬೇಕು, ಅಷ್ಟೆ.

ಹುಡುಕುವ ಕ್ರಮವು ಇಂದಿನಿಂದ ಹಿಂದಕ್ಕೆ ಹೋಗಬೇಕು. ಡರ್ಬನ್ನಿನಲ್ಲಿರುವ ಮನೆಯವರು ಮೊದಲು ತಮ್ಮಲ್ಲಿರುವ ಜನನ, ವಿವಾಹ, ಕರಾರು ವಿಮೋಚನೆಯ ಕಾಗದಗಳಲ್ಲಿ ಹಿರಿಯನ ಕ್ರಮಸಂಖ್ಯೆಯನ್ನು ನೋಡಬೇಕು. ಸಂಖ್ಯೆ ದೊರೆತರೆ ಹಡಗಿನ ಹೆಸರೂ ಬಂದ ದಿನವೂ ದೊರೆಯುತ್ತವೆ. ನೇಟಾಲಿನ ಪಟ್ಟಿಗಳು ಡರ್ಬನ್ನಿನ ದಾಖಲೆ ಭಂಡಾರದಲ್ಲಿವೆ. ಮಾರಿಷಸ್ಸಿನವು ಮೋಕಾ ಎಂಬಲ್ಲಿರುವ ಮಹಾತ್ಮಾ ಗಾಂಧಿ ಸಂಸ್ಥೆಯಲ್ಲಿಯೂ, ಫಿಜಿಯವು ಸುವಾ ನಗರದ ರಾಷ್ಟ್ರೀಯ ದಾಖಲೆ ಭಂಡಾರದಲ್ಲಿಯೂ ಇವೆ.

ಊರಿನ ಅಂಕಣವನ್ನು ಓದುವಾಗ ಮೂರು ತೊಡಕುಗಳುಂಟು. ಮೊದಲನೆಯದು, ಜಿಲ್ಲೆಗಳ ಬದಲಾವಣೆ. ನಮ್ಮ ಮಡಕಶಿರಾ ಸೀಮೆಯನ್ನೇ ತೆಗೆದುಕೊಳ್ಳೋಣ. 1800ರಲ್ಲಿ ನಿಜಾಮನು ಕಂಪೆನಿಗೆ ಬಿಟ್ಟುಕೊಟ್ಟ ದತ್ತ ಮಂಡಲದಲ್ಲಿ ಇದು ಸೇರಿತ್ತು. ಅನಂತಪುರವು ಬಳ್ಳಾರಿಯಿಂದ ಬೇರೆಯಾಗಿ ಪ್ರತ್ಯೇಕ ಜಿಲ್ಲೆಯಾದದ್ದು 1882ರಲ್ಲಿ. 2022ರಿಂದ ನಾವು ಶ್ರೀ ಸತ್ಯಸಾಯಿ ಜಿಲ್ಲೆಯವರು. ಆದ್ದರಿಂದ 1878ರಲ್ಲಿ ಇಲ್ಲಿಂದ ಒಬ್ಬನು ಹೋಗಿದ್ದನೆಂದು ಭಾವಿಸಿದರೆ ಅವನ ಜಿಲ್ಲೆ ಬಳ್ಳಾರಿ. ಅವನ ತಮ್ಮನು 1890ರಲ್ಲಿ ಹೋಗಿದ್ದರೆ ಅವನದು ಅನಂತಪುರ. ಇಬ್ಬರ ಮನೆಯೂ ಒಂದೇ. ರಾಯದುರ್ಗವಾದರೋ 1953ರಲ್ಲಿ ಆಂಧ್ರ ರಾಜ್ಯ ರಚನೆಯಾಗುವವರೆಗೂ ಬಳ್ಳಾರಿ ಜಿಲ್ಲೆಯಲ್ಲಿಯೇ ಇತ್ತು. ಇದನ್ನರಿಯದ ಮೊಮ್ಮಗನು ಬಳ್ಳಾರಿ ಪಟ್ಟಣದ ಬೀದಿಗಳಲ್ಲಿ ಅಲೆದು ನಿರಾಶನಾಗಿ ಹಿಂದಿರುಗುವನು.

ಎರಡನೆಯದು, ಒಂದೇ ಹೆಸರಿನ ಊರುಗಳು. ಗುಡಿಬಂಡೆಯೆಂಬ ಊರು ನಮ್ಮದೊಂದೇ ಅಲ್ಲ. ಹಿಂದೆ ಮೈಸೂರು ಸಂಸ್ಥಾನದ ಕೋಲಾರ ಜಿಲ್ಲೆಯಲ್ಲಿದ್ದು ಈಗ ಚಿಕ್ಕಬಳ್ಳಾಪುರ ಜಿಲ್ಲೆಗೆ ಸೇರಿರುವ ಗುಡಿಬಂಡೆಯೂ ಉಂಟು. ಆದುದರಿಂದ ಗ್ರಾಮ, ತಾಲ್ಲೂಕು, ಜಿಲ್ಲೆ ಮೂರನ್ನೂ ಒಟ್ಟಿಗೆ ಓದದೆ ತೀರ್ಮಾನಕ್ಕೆ ಬರಬಾರದು.

ಮೂರನೆಯದು, ಬರೆದವನ ಕಿವಿ. ಹೇಳಿದವನು ಕನ್ನಡಿಗ, ಕೇಳಿದ ಗುಮಾಸ್ತ ತಮಿಳಿನವನಿರಬಹುದು, ಬರೆಹ ಇಂಗ್ಲಿಷ್. ತಮಿಳು ಲಿಪಿಯಲ್ಲಿ ಕಕಾರ-ಗಕಾರಗಳಿಗೂ ಪಕಾರ-ಬಕಾರಗಳಿಗೂ ಒಂದೊಂದೇ ಅಕ್ಷರ. ಹಾಗಾಗಿ ಗುಡಿಬಂಡೆ ‘ಕುಡಿಪಂಡ’ ಆಗಿ ಕುಳಿತಿದ್ದರೂ ಆಶ್ಚರ್ಯವಿಲ್ಲ. ಕಣ್ಣಿಗೆ ಅರ್ಥವಾಗದ ಹೆಸರನ್ನು ಗಟ್ಟಿಯಾಗಿ ಓದಿರಿ; ಎಷ್ಟೋ ವೇಳೆ ಕಿವಿಗೆ ಅರ್ಥವಾಗುತ್ತದೆ.

ಊರು ನಿಶ್ಚಯವಾದ ಮೇಲೆ ಶೋಧನೆ ನಮ್ಮ ಕಡೆಗೆ ಬರುತ್ತದೆ. ಶಾನುಭೋಗರ ಹಳೆಯ ಲೆಕ್ಕ, ಜಮೀನಿನ ದಾಖಲೆ, ಮನೆದೇವರ ಒಕ್ಕಲಿನ ನೆನಪು—ಇವು ಸಾಧನಗಳು. ಕನ್ನಡ ನಾಡಿಗೆ ವಿಶಿಷ್ಟವಾದ ಇನ್ನೊಂದು ಸಾಧನವಿದೆ: ಹೆಳವರು. ಎತ್ತನ್ನೇರಿ ಗಂಟೆ ಬಾರಿಸುತ್ತ ಬಂದು, ಮನೆಯ ಮುಂದೆ ನಿಂತು ವಂಶಾವಳಿಯನ್ನು ಹೊಗಳಿ, ಹೊಸದಾಗಿ ಹುಟ್ಟಿದವರ ಹೆಸರುಗಳನ್ನು ಸೇರಿಸಿಕೊಂಡು ಹೋಗುವುದು ಅವರ ಕುಲವೃತ್ತಿ. ಹಡಗಿನ ಪಟ್ಟಿಯ ತಂದೆಯ ಹೆಸರು ಹೆಳವರ ಪುಸ್ತಕದ ಹೆಸರಿನೊಂದಿಗೆ ಕೂಡಿದರೆ ಕಡಿದ ಕೊಂಡಿ ಮತ್ತೆ ಬೆಸೆದಂತಾಯಿತು. ಆದರೆ ಹೆಸರೊಂದೇ ಸಾಕ್ಷಿಯಲ್ಲ. ಹನುಮ, ತಿಮ್ಮ, ರಂಗ ಎಂಬ ಹೆಸರುಗಳು ಊರೂರಿಗೂ ಉಂಟು. ತಂದೆಯ ಹೆಸರು, ಗ್ರಾಮ, ವಯಸ್ಸು—ಮೂರಾದರೂ ಹೊಂದಿದಾಗ ಮಾತ್ರ ನೆಂಟಸ್ತನವನ್ನು ಒಪ್ಪತಕ್ಕದ್ದು. ಸುಳ್ಳು ನೆಂಟಸ್ತನವು ಇಲ್ಲದ ನೆಂಟಸ್ತನಕ್ಕಿಂತ ಕೆಟ್ಟದ್ದು.

ಪೋಷಕ ಮಹಾಶಯರಲ್ಲಿ ನಮ್ಮದೊಂದು ವಿಜ್ಞಾಪನೆ. ಬಡತನದಿಂದ ಊರು ಬಿಟ್ಟವರನ್ನು ಹೇಳಿಕೊಳ್ಳಲು ಕೆಲವರು ನಾಚುವರು. ನಾಚಬೇಕಾದ ಕಾರಣವಿಲ್ಲ. ಕೂಳಿಗಾಗಿ ಕಡಲು ದಾಟಿದವನು ಕಳ್ಳನಲ್ಲ. ಇಂದು ನಮ್ಮ ಮನೆಗಳಿಂದಲೂ ಮಕ್ಕಳು ಬೆಂಗಳೂರಿಗೆ ಕೂಲಿಗೂ ಕೆಲಸಕ್ಕೂ ಹೋಗುತ್ತಿದ್ದಾರೆ. ಅವರ ಲೆಕ್ಕವನ್ನು ಹಡಗಿನ ಗುಮಾಸ್ತ ಬರೆದಿಡುವುದಿಲ್ಲ. ಮನೆಯ ವೃದ್ಧರು ಕಣ್ಮರೆಯಾಗುವ ಮುನ್ನ ಅವರಿಂದ ಹೆಸರುಗಳನ್ನು ಕೇಳಿ ಬರೆಸಿರಿ. ದೂರದೇಶದಿಂದ ಯಾರಾದರೂ ಒಂದು ಚೀಟಿ ಹಿಡಿದು ಬಂದು ‘ಈ ಹೆಸರಿನವರು ಇಲ್ಲಿದ್ದರೇ?’ ಎಂದು ಕೇಳಿದರೆ ಉತ್ತರ ಹೇಳುವವರು ಊರಿನಲ್ಲಿರಬೇಕು.

ವಿದ್ಯಾರ್ಥಿಗಳೇ, ಈ ಬೇಸಗೆಯ ರಜೆಯಲ್ಲಿ ನಿಮ್ಮ ಅಭ್ಯಾಸ ಇದು. ಒಂದು ಹಾಳೆಯಲ್ಲಿ ನಿಮ್ಮ ಹೆಸರಿನಿಂದ ಆರಂಭಿಸಿ, ತಂದೆಯ ಕಡೆ ನಾಲ್ಕು ತಲೆ, ತಾಯಿಯ ಕಡೆ ನಾಲ್ಕು ತಲೆ ಬರೆಯಿರಿ. ಪ್ರತಿ ಹೆಸರಿನ ಮುಂದೆ ಊರನ್ನೂ, ತಿಳಿದಷ್ಟು ಕಾಲವನ್ನೂ, ಯಾರು ಹೇಳಿದರೆಂಬುದನ್ನೂ ಕಾಣಿಸಿರಿ. ಹೆಂಗಸರ ಹೆಸರುಗಳನ್ನು ಬಿಡಬೇಡಿರಿ. ಹಡಗಿನ ಪಟ್ಟಿಯೂ ಅವರನ್ನು ಬಿಡಲಿಲ್ಲ. ತಿಳಿಯದ ಕಡೆ ಊಹಿಸಿ ತುಂಬದೆ ಸ್ಥಳವನ್ನು ಖಾಲಿಯಾಗಿ ಉಳಿಸಿರಿ. ಶಾಲೆ ತೆರೆದ ದಿನ ಆ ಹಾಳೆಗಳನ್ನು ತಂದು ಒಪ್ಪಿಸಿದರೆ ಅವನ್ನೆಲ್ಲ ಒಂದು ಪುಸ್ತಕವಾಗಿ ಹೊಲಿಸಿ ಶಾಲೆಯ ವಾಚನಾಲಯದಲ್ಲಿ ಇರಿಸುವೆವು.