ರ‍್ಯಾಕೆಟ್ಟಿನ ಬೆಲೆ

ಗದಗ ಜಿಲ್ಲೆಯ ಮುಂಡರಗಿ ತಾಲ್ಲೂಕಿನಲ್ಲಿ, ಕಪ್ಪತಗುಡ್ಡದ ಸಮೀಪದಲ್ಲಿ, ಡಂಬಳವೆಂಬ ಪುರಾತನ ಗ್ರಾಮವಿದೆ. ನಕ್ಷತ್ರಾಕಾರದ ತಳವಿನ್ಯಾಸವುಳ್ಳ ದೊಡ್ಡಬಸಪ್ಪನ ಗುಡಿಯನ್ನು ನೋಡಲು ದೂರದ ಊರುಗಳಿಂದ ಜನರು ಇಲ್ಲಿಗೆ ಬರುತ್ತಾರೆ. ಈ ಊರಿನ ಬಾಲಕನೊಬ್ಬನು ಗದಗಿನ ಪೇಟೆಗೆ ಹೋಗಿ, ಆಟದ ಸಾಮಾನಿನ ಅಂಗಡಿಯಲ್ಲಿ ಬ್ಯಾಡ್ಮಿಂಟನ್ ರ‍್ಯಾಕೆಟ್ಟಿನ ಬೆಲೆಯನ್ನು ವಿಚಾರಿಸಿದನೆಂದು ಭಾವಿಸೋಣ. ಅಂಗಡಿಯವನು ಎರಡು ರ‍್ಯಾಕೆಟ್‌ಗಳನ್ನು ತೆಗೆದು ಅವನ ಮುಂದಿಡುತ್ತಾನೆ. ಒಂದರ ಬೆಲೆ ಕೆಲವು ನೂರು ರೂಪಾಯಿ. ಇನ್ನೊಂದರದು ಕೆಲವು ಸಾವಿರ. ಕಣ್ಣಿಗೆ ಎರಡೂ ಹೆಚ್ಚುಕಡಿಮೆ ಒಂದೇ ತೆರನಾಗಿವೆ. ಬಾಲಕನು ತನ್ನ ಜೇಬಿನಲ್ಲಿರುವ ಹಣವನ್ನು ಮನಸ್ಸಿನಲ್ಲಿಯೇ ಎಣಿಸಿಕೊಳ್ಳುತ್ತಾನೆ. ಈ ಬೆಲೆಯನ್ನು ನಿರ್ಧರಿಸಿದವರು ಯಾರು? ಅಂಗಡಿಯವನೇ? ತಯಾರಿಸಿದವನೇ? ಸರ್ಕಾರವೇ? ಅಥವಾ ನಾವು ಹೆಸರು ಸಹ ಕೇಳದ ಇನ್ನಾರೋ? ಈ ಪ್ರಶ್ನೆಗೆ ಉತ್ತರವನ್ನು ಹುಡುಕುವುದೇ ಈ ಪಾಠದ ಉದ್ದೇಶ.

ದೂರದ ದೇಶದ ಸರಕು ಎಂಬುದು ಡಂಬಳಕ್ಕೆ ಹೊಸದಲ್ಲ. ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ಇದು ಧರ್ಮವೊಳಲು ಎಂಬ ಹೆಸರಿನ ವ್ಯಾಪಾರದ ಪಟ್ಟಣವಾಗಿತ್ತು. ರಾಣಿ ಲಕ್ಷ್ಮಾದೇವಿಯ ಆಡಳಿತದಲ್ಲಿದ್ದ ಈ ಪಟ್ಟಣದ ಹದಿನಾರು ಮಂದಿ ಸೆಟ್ಟಿಗಳು ಇಲ್ಲಿ ಬೌದ್ಧ ವಿಹಾರವೊಂದನ್ನು ಕಟ್ಟಿಸಿದ್ದರೆಂದೂ, ಲೊಕ್ಕಿಗುಂಡಿಯ ಸಂಗವಯ್ಯಸೆಟ್ಟಿಯೆಂಬ ದೊಡ್ಡ ವ್ಯಾಪಾರಿಯು ತಾರಾದೇವಿಯ ವಿಹಾರವನ್ನು ಕಟ್ಟಿಸಿದ್ದನೆಂದೂ ಸುಮಾರು 1095ರ ಶಾಸನವು ತಿಳಿಸುತ್ತದೆ. ಅಂದಿನ ಲೊಕ್ಕಿಗುಂಡಿಯೇ ಇಂದಿನ ಲಕ್ಕುಂಡಿ. ಅದೇ ಕಾಲದಲ್ಲಿ ಅಯ್ಯಾವೊಳೆ ಐನೂರ್ವರು ಎಂಬ ವರ್ತಕ ಸಂಘದವರು ನೆಲದ ಮೇಲೂ ನೀರಿನ ಮೇಲೂ ಸಂಚರಿಸಿ ಕುದುರೆ, ಮುತ್ತು, ಕರ್ಪೂರ, ಕಸ್ತೂರಿ ಮುಂತಾದವುಗಳ ವ್ಯಾಪಾರ ಮಾಡುತ್ತಿದ್ದರು. ಸಮುದ್ರದಾಚೆಯಿಂದ ಬಂದ ಕುದುರೆಯು ಬಂದರಿನಲ್ಲಿಳಿದು ಒಳನಾಡನ್ನು ಸೇರುವ ವೇಳೆಗೆ ಹಡಗಿನ ಬಾಡಿಗೆ, ದಾರಿಯ ಮೇವು, ಕಾವಲಿನವರ ಕೂಲಿ, ವರ್ತಕನ ಲಾಭ ಇವೆಲ್ಲವೂ ಅದರ ಬೆಲೆಯನ್ನು ಸೇರಿಕೊಳ್ಳುತ್ತಿದ್ದವು. ಶಾಸನಗಳಲ್ಲಿ ಬರುವ ‘ಪೆರ್ಜುಂಕ’ ಎಂಬ ಮಾತು ಅಂದಿನ ದೊಡ್ಡ ಸುಂಕದ ಹೆಸರು. ಸರಕು ಬೇರೆಯಾದರೂ ಲೆಕ್ಕದ ರೀತಿ ಒಂದೇ. ಅಂದು ಕುದುರೆ ಬಂದ ಹಾಗೆಯೇ ಇಂದು ರ‍್ಯಾಕೆಟ್ಟು ಬರುತ್ತದೆ.

ದೂರದ ದೇಶದ ಒಂದು ಘಟನೆಯು ನಮ್ಮ ಪೇಟೆಯ ಬೆಲೆಯನ್ನು ಹೇಗೆ ಅಲುಗಿಸಬಲ್ಲದೆಂಬುದನ್ನೂ ಈ ಸೀಮೆಯ ರೈತರು ಹಿಂದೆಯೇ ಕಂಡಿದ್ದಾರೆ. ಹತ್ತೊಂಬತ್ತನೆಯ ಶತಮಾನದಲ್ಲಿ ಧಾರವಾಡ ಜಿಲ್ಲೆಯ ಎರೆಭೂಮಿಯಲ್ಲಿ ಅಮೆರಿಕದ ಹತ್ತಿಯ ತಳಿಯು ಬೇರೂರಿತ್ತು. 1861ರಲ್ಲಿ ಅಮೆರಿಕದಲ್ಲಿ ಅಂತರ್ಯುದ್ಧ ಆರಂಭವಾಗಿ, ಅಲ್ಲಿನ ಹತ್ತಿಯು ಇಂಗ್ಲೆಂಡಿನ ಗಿರಣಿಗಳಿಗೆ ಹೋಗುವುದು ನಿಂತಿತು. ಗಿರಣಿಗಳ ಒಡೆಯರು ಹಿಂದೂಸ್ಥಾನದ ಹತ್ತಿಗೆ ಮುಗಿಬಿದ್ದರು, ಬೆಲೆ ಗಗನಕ್ಕೇರಿತು. 1865ರಲ್ಲಿ ಯುದ್ಧ ಮುಗಿಯಿತು, ಬೆಲೆಯೂ ಕುಸಿಯಿತು. ರೈತನ ಹೊಲ ಅದೇ, ಬೆವರೂ ಅದೇ. ಕಾಣದ ದೇಶದ ಯುದ್ಧವು ಅವನ ಹತ್ತಿಯ ಬೆಲೆಯನ್ನು ಏರಿಸಿತು, ಇಳಿಸಿತು. ಹತ್ತಿ ನಮ್ಮಿಂದ ಹೊರಗೆ ಹೋಗುವ ಸರಕು. ರ‍್ಯಾಕೆಟ್ಟು ಹೊರಗಿನಿಂದ ಒಳಗೆ ಬರುವ ಸರಕು. ನಿಯಮ ಮಾತ್ರ ಎರಡಕ್ಕೂ ಒಂದೇ.

ಆದರೆ ರ‍್ಯಾಕೆಟ್ಟು ಮೊದಲಿನಿಂದಲೂ ಹೊರಗಿನಿಂದಲೇ ಬರುತ್ತಿತ್ತೆಂದು ತಿಳಿಯಬಾರದು. ಹಿಂದೆ ರ‍್ಯಾಕೆಟ್‌ಗಳನ್ನು ಮರದಿಂದ ಮಾಡುತ್ತಿದ್ದರು. ಮರದ ತೆಳುವಾದ ಪಟ್ಟಿಗಳನ್ನು ಬಗ್ಗಿಸಿ, ಒಂದರ ಮೇಲೊಂದು ಅಂಟಿಸಿ, ಚೌಕಟ್ಟನ್ನು ರೂಪಿಸುತ್ತಿದ್ದರು. ತೇವಕ್ಕೆ ಅದು ಸೊಟ್ಟಗಾಗದಿರಲೆಂದು, ಆಟ ಮುಗಿದ ಮೇಲೆ ತಿರುಪುಗಳುಳ್ಳ ಮರದ ಒತ್ತುಪಟ್ಟಿಯಲ್ಲಿ ಬಿಗಿದಿಡುತ್ತಿದ್ದರು. ಅವಿಭಜಿತ ಭಾರತದಲ್ಲಿ ಇಂತಹ ಕೆಲಸಕ್ಕೆ ಸಿಯಾಲ್‌ಕೋಟ್ ನಗರವು ಪ್ರಸಿದ್ಧವಾಗಿತ್ತು. 1947ರಲ್ಲಿ ದೇಶವು ವಿಭಜನೆಯಾದಾಗ ಆ ನಗರವು ಪಾಕಿಸ್ತಾನಕ್ಕೆ ಸೇರಿತು. ಅಲ್ಲಿನ ಅನೇಕ ಕುಶಲಕರ್ಮಿಗಳು ಮನೆಮಠಗಳನ್ನು ತೊರೆದು ಜಲಂಧರ ಮತ್ತು ಮೀರತ್ ನಗರಗಳಿಗೆ ಬಂದು ನೆಲೆಸಿದರು. ಅವರು ತಮ್ಮೊಡನೆ ತರಲು ಸಾಧ್ಯವಾದುದು ಕೈಯ ಕುಶಲತೆಯೊಂದನ್ನೇ. ಆ ಬಂಡವಾಳದಿಂದಲೇ ಅವರು ಕಟ್ಟಿದ ಕ್ರೀಡಾಸಾಮಗ್ರಿಗಳ ಉದ್ಯಮವು ಇಂದಿಗೂ ಆ ಎರಡು ನಗರಗಳ ಹೆಸರನ್ನು ಹೊರದೇಶಗಳಲ್ಲಿ ಉಳಿಸಿದೆ.

ಮುಂದೆ ರ‍್ಯಾಕೆಟ್ಟಿನ ಮೈಯೇ ಬದಲಾಯಿತು. ಜಪಾನಿನ ಯೋನೆಕ್ಸ್ ಸಂಸ್ಥೆಯು ಮೊದಲು ಮೀನುಬಲೆಗೆ ಕಟ್ಟುವ ಮರದ ತೇಲುಗಟ್ಟಿಗಳನ್ನು ತಯಾರಿಸುತ್ತಿತ್ತು. ಪ್ಲಾಸ್ಟಿಕ್ ತೇಲುಗಟ್ಟಿಗಳು ಬಂದು ಅದರ ಕಸುಬಿಗೆ ಕುತ್ತು ಬಂದಾಗ, ಅದೇ ಮರಗೆಲಸದ ಬಲದಿಂದ 1957ರಲ್ಲಿ ರ‍್ಯಾಕೆಟ್ ತಯಾರಿಕೆಗೆ ತೊಡಗಿತು. 1969ರಲ್ಲಿ ಅಲ್ಯೂಮಿನಿಯಂ ರ‍್ಯಾಕೆಟ್ಟನ್ನು ಹೊರತಂದಿತು. ಅನಂತರ ಕಾರ್ಬನ್ ನಾರಿನ ರ‍್ಯಾಕೆಟ್ಟುಗಳು ಬಂದವು. ಅವು ಹಗುರ, ಗಟ್ಟಿ, ತೇವಕ್ಕೆ ಸೊಟ್ಟಗಾಗುವ ಭಯವಿಲ್ಲ. ಮರವನ್ನು ಬಗ್ಗಿಸುವ ನಿಪುಣತೆಗೆ ಇಲ್ಲಿ ಕೆಲಸವಿಲ್ಲ. ನಾರು, ಅಂಟು, ಅಚ್ಚು, ಶಾಖ ಇವುಗಳ ಹೊಸ ವಿದ್ಯೆ ಬೇಕು. ಆ ವಿದ್ಯೆಯು ಜಪಾನ್, ತೈವಾನ್, ಚೀನಾ ದೇಶಗಳಲ್ಲಿ ಬೆಳೆಯಿತು. ಒಳ್ಳೆಯ ರ‍್ಯಾಕೆಟ್ಟಿಗಾಗಿ ನಾವು ಹೊರಗೆ ನೋಡಬೇಕಾಯಿತು. ಕಸುಬನ್ನು ಕಲಿತರೆ ಸಾಲದು, ಕಾಲಕ್ಕೆ ತಕ್ಕಂತೆ ಮತ್ತೆ ಕಲಿಯಬೇಕೆಂಬ ಪಾಠವು ಇದರಲ್ಲಿದೆ.

ಸ್ವಾತಂತ್ರ್ಯಾನಂತರ ಹಲವು ದಶಕಗಳವರೆಗೆ ವಿದೇಶಿ ವಸ್ತುಗಳನ್ನು ತರಿಸುವುದು ಸುಲಭವಾಗಿರಲಿಲ್ಲ. ವಿದೇಶಿ ವಿನಿಮಯದ ಕೊರತೆಯಿಂದಾಗಿ ಸರ್ಕಾರವು ಆಮದಿಗೆ ಪರವಾನಗಿಯ ಕಟ್ಟುಪಾಡನ್ನು ವಿಧಿಸಿತ್ತು. 1991ರ ಆರ್ಥಿಕ ಸುಧಾರಣೆಗಳ ಬಳಿಕ ಈ ಕಟ್ಟು ಸಡಿಲವಾಗತೊಡಗಿತು. ಬಳಕೆಯ ವಸ್ತುಗಳ ಪರಿಮಾಣದ ಮೇಲಿದ್ದ ಉಳಿದ ನಿರ್ಬಂಧಗಳು 2001ರ ಏಪ್ರಿಲ್ 1ರಂದು ತೊಲಗಿದವು. ಅಲ್ಲಿಂದ ಮುಂದೆ ಆಮದನ್ನು ತಡೆಯುವುದು ಮುಖ್ಯವಾಗಿ ಪರವಾನಗಿಯಲ್ಲ, ಸುಂಕ. 2018ರ ಮುಂಗಡಪತ್ರದಲ್ಲಿ ಕ್ರೀಡಾಸಾಮಗ್ರಿಗಳ ಆಮದು ಸುಂಕವನ್ನು ನೂರಕ್ಕೆ 10ರಿಂದ ನೂರಕ್ಕೆ 20ಕ್ಕೆ ಏರಿಸಲಾಯಿತು.

ಈಗ ಒಂದು ಲೆಕ್ಕವನ್ನು ಮಾಡೋಣ. ಇದು ರೀತಿಯನ್ನು ತಿಳಿಯಲೆಂದು ಮಾಡಿದ ಲೆಕ್ಕವೇ ಹೊರತು ಯಾವುದೋ ಒಂದು ಅಂಗಡಿಯ ಬೆಲೆಯಲ್ಲ. ಒಂದು ರ‍್ಯಾಕೆಟ್ಟು ಹಡಗಿನ ಬಾಡಿಗೆ ಮತ್ತು ವಿಮೆಯ ವೆಚ್ಚ ಸೇರಿ 20 ಡಾಲರಿಗೆ ನಮ್ಮ ಬಂದರಿಗೆ ಬಂದಿತೆನ್ನಿ. ಡಾಲರಿಗೆ 50 ರೂಪಾಯಿಯಾದರೆ ಅದರ ಮೌಲ್ಯ 1000 ರೂಪಾಯಿ. ನೂರಕ್ಕೆ 20ರಂತೆ ಸುಂಕ 200 ರೂಪಾಯಿ. ಆ ಸುಂಕದ ಮೇಲೆ ನೂರಕ್ಕೆ 10ರಂತೆ ಮೇಲ್ತೆರಿಗೆ 20 ರೂಪಾಯಿ. ಒಟ್ಟು 1220. ಇದರ ಮೇಲೆ ಸರಕು ಮತ್ತು ಸೇವಾ ತೆರಿಗೆಯನ್ನು ನೂರಕ್ಕೆ 5 ಎಂದು ಹಿಡಿದರೆ 61 ರೂಪಾಯಿ. ಅಲ್ಲಿಗೆ ಬಂದರನ್ನು ದಾಟುವಾಗಲೇ ಬೆಲೆ 1281 ರೂಪಾಯಿ. ಅನಂತರ ಲಾರಿಯ ಬಾಡಿಗೆ, ಸಗಟು ವ್ಯಾಪಾರಿಯ ಲಾಭ, ಚಿಲ್ಲರೆ ಅಂಗಡಿಯ ಬಾಡಿಗೆ ಮತ್ತು ಲಾಭ ಇವೆಲ್ಲ ಸೇರಬೇಕು.

ಇನ್ನು ಡಾಲರಿನ ದರ 80 ರೂಪಾಯಿಯಾಯಿತೆನ್ನೋಣ. ಇದು ಬರಿಯ ಕಲ್ಪನೆಯಲ್ಲ. 2001ರಲ್ಲಿ 47 ರೂಪಾಯಿಯ ಆಸುಪಾಸಿನಲ್ಲಿದ್ದ ಡಾಲರು 2022ರಲ್ಲಿ 80 ರೂಪಾಯಿಯನ್ನು ದಾಟಿತು. ಅದೇ 20 ಡಾಲರಿನ ರ‍್ಯಾಕೆಟ್ಟಿನ ಮೌಲ್ಯ ಈಗ 1600 ರೂಪಾಯಿ. ಸುಂಕ 320, ಮೇಲ್ತೆರಿಗೆ 32, ಒಟ್ಟು 1952. ತೆರಿಗೆ 97 ರೂಪಾಯಿ 60 ಪೈಸೆ. ಬಂದರನ್ನು ದಾಟುವಾಗ ಬೆಲೆ 2049 ರೂಪಾಯಿ 60 ಪೈಸೆ. ತಯಾರಕನು ಒಂದು ಬಿಡಿಕಾಸನ್ನೂ ಹೆಚ್ಚಿಸಲಿಲ್ಲ. ಸರ್ಕಾರವು ಸುಂಕದ ದರವನ್ನು ಬದಲಿಸಲಿಲ್ಲ. ಆದರೂ ಬೆಲೆಯು 768 ರೂಪಾಯಿ 60 ಪೈಸೆ ಏರಿತು. ಇದರಲ್ಲಿ 600 ರೂಪಾಯಿ ರೂಪಾಯಿಯ ಮೌಲ್ಯ ಕುಸಿದುದರ ನೇರ ಫಲ. ಉಳಿದುದು ಸುಂಕ ಮತ್ತು ತೆರಿಗೆಗಳು ಶೇಕಡಾವಾರು ಲೆಕ್ಕದಲ್ಲಿರುವುದರ ಫಲ. ಮೂಲವು ಬೆಳೆದರೆ ಅದರ ನೆರಳೂ ಬೆಳೆಯುತ್ತದೆ.

ರ‍್ಯಾಕೆಟ್ಟನ್ನು ಒಮ್ಮೆ ಕೊಂಡರೆ ಕೆಲವು ವರ್ಷ ಬಾಳುತ್ತದೆ. ಷಟಲ್ ಹಾಗಲ್ಲ. ಪಂದ್ಯದಲ್ಲಿ ಬಳಸುವ ಷಟಲ್‌ಗೆ 16 ಗರಿಗಳು, ತೂಕ 4.74ರಿಂದ 5.50 ಗ್ರಾಂ. ಬಾತು ಅಥವಾ ಹೆಬ್ಬಾತಿನ ರೆಕ್ಕೆಯಿಂದ ಆಯ್ದ ಈ ಗರಿಗಳನ್ನು ಕಾರ್ಕಿನ ಬುಡದಲ್ಲಿ ಸುತ್ತಲೂ ನಾಟುತ್ತಾರೆ. ಚೆನ್ನಾಗಿ ಆಡುವವರ ಕೈಯಲ್ಲಿ ಒಂದು ಷಟಲ್ ಒಂದು ಪಂದ್ಯಕ್ಕೂ ಸಾಲದು. 2024-25ರ ಸುಮಾರಿಗೆ ಇವುಗಳಿಗೆ ಜಗತ್ತಿನಾದ್ಯಂತ ಅಭಾವ ಉಂಟಾಗಿ ಬೆಲೆ ಏರಿತು. ಭಾರತದ ತರಬೇತಿ ಕೇಂದ್ರಗಳಿಗೂ ಅದರ ಬಿಸಿ ತಟ್ಟಿತು. ಚೀನಾದಲ್ಲಿ ಜನರು ಬಾತು ಹೆಬ್ಬಾತುಗಳಿಗಿಂತ ಹಂದಿಯ ಮಾಂಸವನ್ನು ಹೆಚ್ಚಾಗಿ ಬಳಸತೊಡಗಿದುದು ಇದಕ್ಕೆ ಮುಖ್ಯ ಕಾರಣವೆಂದು ವರದಿಯಾಯಿತು. ಹಕ್ಕಿಗಳನ್ನು ಸಾಕುವುದು ಮಾಂಸಕ್ಕಾಗಿ, ಗರಿಯು ಉಪೋತ್ಪನ್ನ. ಆದುದರಿಂದ ಗರಿಗೆ ಎಷ್ಟು ಬೇಡಿಕೆ ಇದ್ದರೂ, ಮಾಂಸಕ್ಕೆ ಬೇಡಿಕೆ ಇಲ್ಲದಿದ್ದರೆ ಹಕ್ಕಿಗಳ ಸಂಖ್ಯೆ ಹೆಚ್ಚುವುದಿಲ್ಲ. ಅಂದು ಅಮೆರಿಕದ ಯುದ್ಧವು ನಮ್ಮ ಹತ್ತಿಯ ಬೆಲೆಯನ್ನು ಅಲುಗಿಸಿದಂತೆ, ಇಂದು ಚೀನಾದ ಊಟದ ತಟ್ಟೆಯು ನಮ್ಮ ಆಟದ ಬೆಲೆಯನ್ನು ಅಲುಗಿಸಿತು.

ಹಾಗಾದರೆ ಮಾಡಬೇಕಾದುದೇನು? ಸುಂಕವನ್ನು ಏರಿಸಿದರೆ ಸ್ವದೇಶಿ ತಯಾರಕನಿಗೆ ಆಸರೆ ದೊರೆಯುತ್ತದೆ ಎನ್ನುವವರಿದ್ದಾರೆ. ಅದು ನಿಜ. ಆದರೆ ಅಂತಹ ವಸ್ತುವು ದೇಶದಲ್ಲಿ ಸಾಕಷ್ಟು ತಯಾರಾಗುವ ತನಕ ಆ ಭಾರವನ್ನು ಹೊರುವವನು ಆಟ ಕಲಿಯುವ ಬಡ ಬಾಲಕನೇ ಎಂಬುದೂ ಅಷ್ಟೇ ನಿಜ. ಸುಂಕವು ಬೆಳೆಗೆ ಹಾಕಿದ ಬೇಲಿಯಿದ್ದಂತೆ. ಬೇಲಿಯು ಬೆಳೆಯನ್ನು ಕಾಯುತ್ತದೆ; ತಾನೇ ಬೆಳೆಯಾಗುವುದಿಲ್ಲ. ಒಳಗೆ ಉಳುವವನು ಬೇಕು, ಬಿತ್ತುವವನು ಬೇಕು. ಅಂತಹ ಕೃಷಿಯ ಕುರುಹುಗಳು ಇಲ್ಲದೆ ಇಲ್ಲ. ಪಶ್ಚಿಮ ಬಂಗಾಳದ ಉಲುಬೇರಿಯಾ ಪ್ರದೇಶದ ಮನೆಮನೆಗಳಲ್ಲಿ ಬಾತಿನ ಗರಿಯ ಷಟಲ್‌ಗಳನ್ನು ತಯಾರಿಸುವ ಕಸುಬು ತಲೆಮಾರುಗಳಿಂದ ನಡೆದುಬಂದಿದೆ. ಮೀನುಬಲೆಯ ತೇಲುಗಟ್ಟಿಯಿಂದ ಆರಂಭಿಸಿದ ಆ ಜಪಾನಿ ಸಂಸ್ಥೆಯೇ ಈಗ ನಮ್ಮ ಬೆಂಗಳೂರಿನಲ್ಲಿ ರ‍್ಯಾಕೆಟ್ ತಯಾರಿಕೆಯನ್ನು ನಡೆಸುತ್ತಿದೆ. ಸರಕಿನ ಜೊತೆಗೆ ವಿದ್ಯೆಯೂ ಬಂದರೆ ಆಮದಿನ ವೆಚ್ಚ ನಾಳಿನ ಬಂಡವಾಳವಾಗುತ್ತದೆ. ಸರಕು ಮಾತ್ರ ಬಂದರೆ ಅದು ಬರಿಯ ವೆಚ್ಚವಾಗಿಯೇ ಉಳಿಯುತ್ತದೆ.

ಬೆಲೆಯೊಂದೇ ಆಟವನ್ನು ನಿರ್ಧರಿಸಲಾರದೆಂಬುದಕ್ಕೂ ನಮ್ಮ ನಾಡಿನಲ್ಲಿಯೇ ನಿದರ್ಶನಗಳಿವೆ. ತಂಜಾವೂರಿನಲ್ಲಿ ಹುಟ್ಟಿದುದೆಂದು ಹೇಳಲಾಗುವ ಬಾಲ್ ಬ್ಯಾಡ್ಮಿಂಟನ್ ಆಟವು ಕರ್ನಾಟಕದಲ್ಲಿ ಬಹುಕಾಲದಿಂದ ಪ್ರಿಯವಾಗಿದೆ. ಇದರ ಹಳದಿ ಬಣ್ಣದ ಉಣ್ಣೆಯ ಚೆಂಡಿಗೆ ಚೀನಾದ ಗರಿ ಬೇಡ. ಗಾಳಿ ಬೀಸುವ ಬಯಲಿನಲ್ಲಿಯೂ ಆಡಬಹುದು. ಇನ್ನು 1980ರಲ್ಲಿ ಆಲ್ ಇಂಗ್ಲೆಂಡ್ ಪ್ರಶಸ್ತಿಯನ್ನು ಗೆದ್ದ ಪ್ರಕಾಶ್ ಪಡುಕೋಣೆಯವರು ಬಾಲ್ಯದಲ್ಲಿ ಆಟ ಕಲಿತದ್ದು ಬೆಂಗಳೂರಿನ ಕೆನರಾ ಯೂನಿಯನ್ನಿನ ಕಲ್ಯಾಣ ಮಂಟಪದಲ್ಲಿ. ಮದುವೆಯಿದ್ದ ದಿನ ಅಲ್ಲಿ ಆಟವಿಲ್ಲ. ಆಮದಿನ ಬಾಗಿಲು ಬಿಗಿಯಾಗಿದ್ದ ಆ ಕಾಲದಲ್ಲಿ, ಇದ್ದುದರಲ್ಲಿಯೇ ಅಭ್ಯಾಸ ಮಾಡಿ ಅವರು ಜಗತ್ತಿನ ಶ್ರೇಷ್ಠರ ಸಾಲಿಗೆ ಏರಿದರು. ಹಾಗೆಂದು ಸಾಮಗ್ರಿಯ ಬೆಲೆ ಗಣನೆಗೆ ಬಾರದೆಂದು ಹೇಳುವುದು ತಪ್ಪಾದೀತು. ಬೆಲೆಯ ಬಾಗಿಲಿನಲ್ಲಿಯೇ ನಿಂತು ಹಿಂದಿರುಗಿದ ಮಕ್ಕಳೆಷ್ಟೋ. ಅವರ ಹೆಸರುಗಳನ್ನು ಯಾವ ಶಾಸನವೂ ಬರೆದಿಟ್ಟಿಲ್ಲ.

ಗದಗಿನ ಅಂಗಡಿಯ ಮುಂದೆ ನಿಂತ ಆ ಬಾಲಕನನ್ನು ಮತ್ತೊಮ್ಮೆ ನೆನೆಯೋಣ. ಅವನ ಕೈಯಲ್ಲಿರುವ ಬೆಲೆಚೀಟಿಯಲ್ಲಿ ಒಂದೇ ಸಂಖ್ಯೆಯಿದೆ. ಆದರೆ ಅದರೊಳಗೆ ತೈವಾನಿನ ಕುಶಲಕರ್ಮಿಯ ಕೂಲಿಯಿರಬಹುದು, ಹಡಗಿನ ಬಾಡಿಗೆಯಿದೆ, ಡಾಲರಿನ ದರವಿದೆ, ದೆಹಲಿಯ ಮುಂಗಡಪತ್ರವಿದೆ, ಅಂಗಡಿಯವನ ಅನ್ನವೂ ಇದೆ. ಅವನು ಇಂದು ಕಡಿಮೆ ಬೆಲೆಯ ರ‍್ಯಾಕೆಟ್ಟನ್ನೇ ಕೊಂಡು ಮನೆಗೆ ಹೋಗಬಹುದು. ಅದರಿಂದ ಕುಂದೇನೂ ಇಲ್ಲ. ಆದರೆ ಆ ಒಂದು ಸಂಖ್ಯೆಯನ್ನು ಬಿಡಿಸಿ ಓದಲು ಅವನು ಕಲಿತನಾದರೆ, ಒಂಬೈನೂರು ವರ್ಷಗಳ ಹಿಂದೆ ಇದೇ ಊರಿನಲ್ಲಿ ಲೆಕ್ಕ ಬರೆದ ಸೆಟ್ಟಿಗಳ ವಿದ್ಯೆಗೆ ಅವನೂ ಹಕ್ಕುದಾರನಾಗುತ್ತಾನೆ.

ಪದಗಳ ಅರ್ಥ

ವರ್ತಕ – ವ್ಯಾಪಾರಿ
ಎರೆಭೂಮಿ – ಕಪ್ಪು ಮಣ್ಣಿನ ನೆಲ
ಪೆರ್ಜುಂಕ – ದೊಡ್ಡ ಸುಂಕ (ಪಿರಿದು + ಸುಂಕ)
ಉಪೋತ್ಪನ್ನ – ಒಂದು ವಸ್ತುವನ್ನು ಪಡೆಯುವಾಗ ಜೊತೆಯಲ್ಲಿ ದೊರೆಯುವ ಇನ್ನೊಂದು ವಸ್ತು
ಮುಂಗಡಪತ್ರ – ಸರ್ಕಾರದ ವಾರ್ಷಿಕ ಆಯವ್ಯಯದ ಅಂದಾಜು

ಅಭ್ಯಾಸ

ಅ. ಒಂದೊಂದು ವಾಕ್ಯದಲ್ಲಿ ಉತ್ತರಿಸಿರಿ.
1. ಡಂಬಳದ ಪ್ರಾಚೀನ ಹೆಸರೇನು?
2. ಸಿಯಾಲ್‌ಕೋಟಿನ ಕುಶಲಕರ್ಮಿಗಳು ಎಲ್ಲಿಗೆ ಬಂದು ನೆಲೆಸಿದರು?
3. ಪಂದ್ಯದ ಷಟಲ್‌ಗೆ ಎಷ್ಟು ಗರಿಗಳಿರುತ್ತವೆ?

ಆ. ನಾಲ್ಕೈದು ವಾಕ್ಯಗಳಲ್ಲಿ ಉತ್ತರಿಸಿರಿ.
1. ಅಮೆರಿಕದ ಅಂತರ್ಯುದ್ಧಕ್ಕೂ ಷಟಲ್‌ಗಳ ಅಭಾವಕ್ಕೂ ಇರುವ ಹೋಲಿಕೆಯೇನು?
2. ಬೇಡಿಕೆ ಹೆಚ್ಚಿದರೂ ಗರಿಗಳ ಪೂರೈಕೆ ಏಕೆ ಹೆಚ್ಚಲಿಲ್ಲ?
3. ‘ಸುಂಕವು ಬೆಳೆಗೆ ಹಾಕಿದ ಬೇಲಿಯಿದ್ದಂತೆ’ ಎಂಬ ಮಾತನ್ನು ವಿವರಿಸಿರಿ.

ಇ. ಲೆಕ್ಕ ಮಾಡಿರಿ.
ಪಾಠದಲ್ಲಿನ ರ‍್ಯಾಕೆಟ್ಟಿನ ಸುಂಕವು ನೂರಕ್ಕೆ 10 ಮಾತ್ರ ಆಗಿದ್ದರೆ, ಡಾಲರಿಗೆ 80 ರೂಪಾಯಿ ದರದಲ್ಲಿ ಅದು ಬಂದರನ್ನು ದಾಟುವಾಗಿನ ಬೆಲೆಯೆಷ್ಟು?

ಈ. ನಿಮ್ಮ ಮನೆಯಲ್ಲಿರುವ, ಹೊರದೇಶದಿಂದ ಬಂದ ಒಂದು ವಸ್ತುವನ್ನು ಆರಿಸಿಕೊಂಡು, ಅದು ನಿಮ್ಮ ಊರನ್ನು ತಲುಪಿದ ಬಗೆಯನ್ನು ಹಿರಿಯರಿಂದ ಕೇಳಿ ತಿಳಿದು ಒಂದು ಪುಟ ಬರೆಯಿರಿ.