ಗೋಡೆಗೆ ಬಣ್ಣ ಬಳಿಯುವ ಮುನ್ನ

ಚಿತ್ರಕಲಾ ಪರಿಷತ್ತಿನ ಓದು ಮುಗಿಯಿತು, ಇನ್ನು ಸಿನಿಮಾದ ಕಲಾ ವಿಭಾಗಕ್ಕೆ ಸೇರುತ್ತೇನೆ ಎಂದೆಯಲ್ಲ ಮಗಳೇ, ಕೇಳಿ ಸಂತೋಷವಾಯಿತು. ನಿನ್ನ ಗೆರೆ ಚೆನ್ನಾಗಿದೆ, ಅದರ ಬಗ್ಗೆ ನನಗೆ ಅನುಮಾನವಿಲ್ಲ. ನಾನು ಹೇಳಬೇಕೆಂದಿರುವುದು ಬೇರೆ. ಸ್ಕ್ರಿಪ್ಟ್ ಕೈಗೆ ಬಂದ ದಿನ, ಪೆನ್ಸಿಲ್ ಹಿಡಿಯುವ ಮೊದಲು, ಒಂದೇ ಪ್ರಶ್ನೆ ಹಾಕಿಕೋ: ಈ ಮನೆಯಲ್ಲಿ ಇರುವವರು ಯಾರು?

ಹೊಸ ಪ್ಲೈವುಡ್‌ಗೆ ಬಣ್ಣ ಬಳಿದು ನಿಲ್ಲಿಸಿದರೆ ಗೋಡೆ ಏಳುತ್ತದೆ, ಮನೆ ಏಳುವುದಿಲ್ಲ. ಸ್ವಿಚ್‌ಬೋರ್ಡ್ ಸುತ್ತ ಬೆರಳಿನ ಕೊಳೆ, ಅಜ್ಜ ಒರಗಿ ಕೂರುವಲ್ಲಿ ತಲೆಯೆಣ್ಣೆಯ ಕರೆ, ಕ್ಯಾಲೆಂಡರ್ ತೆಗೆದ ಜಾಗದಲ್ಲಿ ಮಾಸದೆ ಉಳಿದ ಚೌಕ, ಇವು ಬೇಕು. ನೀರು ಹೆಚ್ಚಿಗೆ ಬೆರೆಸಿದ ಕಂದು ಬಣ್ಣದಲ್ಲಿ ಬಟ್ಟೆ ಅದ್ದಿ ಒತ್ತು, ಅರೆ ಒಣಗಿದಾಗ ಒರೆಸು. ಹಳೆಯ ಕಾಗದಪತ್ರಕ್ಕೆ ಟೀ ಡಿಕಾಕ್ಷನ್ ಸಾಕು. ಕರೆ ಎಲ್ಲ ಕಡೆ ಒಂದೇ ಸಮ ಬಿದ್ದರೆ ಸುಳ್ಳು ಎದ್ದು ಕಾಣುತ್ತದೆ. ಅದು ಕೈ ತಾಗುವ ಎತ್ತರದಲ್ಲಿ ಬೀಳಬೇಕು; ಮನೆಯಲ್ಲಿ ಮಗುವಿದ್ದರೆ ಇನ್ನೂ ಕೆಳಗೆ.

ಕಲಾ ನಿರ್ದೇಶಕ ಬನ್ಸಿ ಚಂದ್ರಗುಪ್ತರ ಕೆಲಸವನ್ನು ಮತ್ತೆ ಮತ್ತೆ ನೋಡು. ಸತ್ಯಜಿತ್ ರಾಯ್ ಅವರ ‘ಅಪರಾಜಿತೊ’ (1956) ಚಿತ್ರದಲ್ಲಿ ಕಾಣುವ ಕಾಶಿಯ ಮನೆ ಕಲ್ಕತ್ತೆಯ ಸ್ಟುಡಿಯೊದೊಳಗೆ ಬನ್ಸಿ ಕಟ್ಟಿದ ಸೆಟ್. ಮೇಲೆ ತೆರೆದ ಅಂಗಳ. ಅಲ್ಲಿಗೆ ಆಕಾಶದ ಮೆದು ಬೆಳಕು ಇಳಿಯಬೇಕು, ಸ್ಟುಡಿಯೊ ದೀಪದ ಗಡುಸು ನೆರಳು ಬೀಳಬಾರದು. ಕ್ಯಾಮೆರಾಮನ್ ಸುಬ್ರತ ಮಿತ್ರ ಸೆಟ್ಟಿನ ಮೇಲೆ ಬಿಳಿ ಬಟ್ಟೆ ಬಿಗಿಸಿ, ದೀಪಗಳನ್ನು ಅದಕ್ಕೆ ತಿರುಗಿಸಿ, ಅಲ್ಲಿಂದ ಹಿಂದಿರುಗಿದ ಬೆಳಕಿನಲ್ಲಿ ಚಿತ್ರೀಕರಿಸಿದರು. ಎಂಥ ಜೋಡಿ! ನೀನೂ ಕ್ಯಾಮೆರಾಮನ್ ಜತೆ ಕೂತು ಮಾತಾಡದೆ ಒಂದು ಕಿಟಕಿಯನ್ನೂ ಬರೆಯಬೇಡ.

ಪ್ರತಿ ಚಿತ್ರಕ್ಕೂ ಸೆಟ್ ಬೇಕೆಂದಿಲ್ಲ. ನಮ್ಮ ‘ಸಂಸ್ಕಾರ’ಕ್ಕೆ (1970) ಶೃಂಗೇರಿ ಬಳಿಯ ವೈಕುಂಠಪುರವೇ ಅಗ್ರಹಾರವಾಯಿತು, ಕಲಾ ನಿರ್ದೇಶನ ಕಲಾವಿದ ಎಸ್.ಜಿ. ವಾಸುದೇವ್ ಅವರದು. ನಿಜವಾದ ಊರು ಸಿಕ್ಕರೆ ಕೆಲಸ ಹಗುರವೆಂದು ತಿಳಿಯಬೇಡ. ಕಥೆಯ ಕಾಲಕ್ಕೆ ಸೇರದ್ದನ್ನು ಗುರುತಿಸಿ ಒಂದೊಂದಾಗಿ ತೆಗೆಸುವುದಕ್ಕೆ, ಕಟ್ಟುವುದಕ್ಕಿಂತ ಹೆಚ್ಚು ತಾಳ್ಮೆ ಬೇಕು.

ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಕಲಾ ನಿರ್ದೇಶನಕ್ಕೆಂದೇ ಕೋರ್ಸ್ ಇದೆ, ಸೀಟು ಸಿಕ್ಕರೆ ಹೋಗು. ಸಿಗದಿದ್ದರೆ ಒಳ್ಳೆಯ ಕಲಾ ನಿರ್ದೇಶಕರ ಬಳಿ ಅಸಿಸ್ಟೆಂಟ್ ಆಗು. ಎರಡರಲ್ಲಿ ಯಾವುದಾದರೂ ಸರಿ, ಬಡಗಿಗಳ, ಪೇಂಟರ್‌ಗಳ ಪಕ್ಕದಲ್ಲಿ ನಿಂತು ಕಲಿ. ಎಂಟಡಿ ನಾಲ್ಕಡಿಯ ಪ್ಲೈವುಡ್ ಹಾಳೆ ಎಷ್ಟು ಬೇಕು, ಎಲ್ಲಿ ಆಧಾರ ಕೊಡಬೇಕು ಎಂಬ ಲೆಕ್ಕ ಅವರಿಗೆ ಬಾಯಿಪಾಠ. ನಿನ್ನ ಸಂಭಾವನೆಯ ಮಾತು ಬರಹದಲ್ಲಿರಲಿ, ಸಂಕೋಚ ಬೇಡ. ಅವರ ದಿನಗೂಲಿ ಮಾತ್ರ ನಿನ್ನ ದುಡ್ಡಿಗಿಂತ ಮೊದಲು ಅವರ ಕೈಸೇರುವಂತೆ ನೋಡಿಕೋ.

ಇನ್ನೊಂದು ಕೆಲಸವನ್ನು ಯಾರೂ ಕರೆಯುವ ಮುಂಚೆಯೇ ಶುರುಮಾಡಬಹುದು. ಊರಿಗೆ ಹೋದಾಗ ಟೇಪು, ನೋಟ್‌ಬುಕ್ ಜತೆಗಿರಲಿ. ಹೊಸ್ತಿಲ ಎತ್ತರ, ಒಲೆಕಟ್ಟೆಯ ಅಗಲ, ಕಂಬಗಳ ನಡುವಿನ ಅಂತರ ಬರೆದುಕೋ. ತೊಟ್ಟಿಮನೆಗಳನ್ನು ಒಂದೊಂದಾಗಿ ಕೆಡವುತ್ತಿದ್ದಾರೆ ಮಗಳೇ, ಇರುವಾಗಲೇ ಹೋಗಿ ಅಳೆದುಕೊಂಡು ಬಾ.